ಗೊಂಬೆ ಹಬ್ಬದ ಫೋಟೋ ಮುಗಿದ ಮೇಲೆ: ದೊಡ್ಡ ಗೊಂಬೆಗಳನ್ನು ಎತ್ತುವುದು, ಒರೆಸುವುದು, ಒಳಗಿಡುವುದು

ದಸರೆ ಬಂತೆಂದರೆ ಗೊಂಬೆಗಳ ಫೋಟೋಗಳು ಜಹೀರಾಬಾದಿನಿಂದ ಬೀದರಿಗೆ, ತಾಂಡೂರಿನಿಂದ ಮೈಸೂರಿಗೆ, ಅಲ್ಲಿಂದ ಅಮೆರಿಕದಲ್ಲಿರುವ ಮೊಮ್ಮಕ್ಕಳ ಮೊಬೈಲಿಗೆ ಹೋಗಿ ತಲುಪುತ್ತವೆ. ಗೊಂಬೆ ಕೂರಿಸುವುದು ಹೇಗೆ, ಮೆಟ್ಟಿಲು ಎಷ್ಟಿರಬೇಕು, ಪಟ್ಟದ ಗೊಂಬೆ ಎಲ್ಲಿರಬೇಕು ಎಂಬುದನ್ನು ಹೇಳಿಕೊಡುವ ಹಿರಿಯರು ಪ್ರತಿ ಮನೆಯಲ್ಲೂ ಇದ್ದಾರೆ. ಆದರೆ ಫೋಟೋ ಮುಗಿದು, ಬಂದವರು ಹೋಗಿ, ಎಲ್ಲರೂ ದಣಿದಿರುವ ಆ ಸಂಜೆ ಏನು ಮಾಡಬೇಕು ಎಂಬ ಮಾತು ಅಷ್ಟಾಗಿ ಬರುವುದಿಲ್ಲ. ಗೊಂಬೆಗಳಿಗೆ ಹೆಚ್ಚಿನ ಪೆಟ್ಟು ಬೀಳುವುದು ಆ ಹೊತ್ತಿನಲ್ಲೇ. ವರ್ಷವಿಡೀ ಪೆಟ್ಟಿಗೆಯಲ್ಲಿ ಸುಮ್ಮನೆ ಮಲಗಿರುವ ಗೊಂಬೆ, ಎತ್ತುವ ಕೈಯಿಂದ ಕೆಳಗೆ ಬೀಳುತ್ತದೆ. ಇಲ್ಲವೇ ಪ್ರೀತಿಯಿಂದ ಒರೆಸುವ ಒದ್ದೆ ಬಟ್ಟೆಯಿಂದ ಮುಖ ಕಳೆದುಕೊಳ್ಳುತ್ತದೆ.

ಈ ಲೇಖನ ಹೇಳುವ ಮಾತು ಒಂದೇ. ಗೊಂಬೆ ಯಾವುದರಿಂದ ಮಾಡಿದ್ದು ಎಂದು ತಿಳಿಯುವವರೆಗೆ ಅದಕ್ಕೆ ನೀರು ಸೋಕಿಸಬೇಡಿ. ತಿಳಿದ ಮೇಲೂ, ಒಣ ಬ್ರಷ್ಷಿನಿಂದ ಆಗುವ ಕೆಲಸಕ್ಕೆ ನೀರು ಬಳಸಬೇಡಿ.

ನಮ್ಮ ಮನೆಗಳಲ್ಲಿ ಇರುವ ಗೊಂಬೆಗಳು

ಜಹೀರಾಬಾದ್ ಮತ್ತು ನಾರಾಯಣಖೇಡ 1956ರವರೆಗೆ ಬೀದರ ಜಿಲ್ಲೆಯಲ್ಲಿದ್ದವು, ತಾಂಡೂರು ಕಲಬುರಗಿ ಜಿಲ್ಲೆಯಲ್ಲಿತ್ತು. ಆ ವರ್ಷ ನವೆಂಬರ್ 1ರಂದು ಗಡಿ ಬದಲಾಯಿತು. ಹೆಣ್ಣು ಕೊಡುವುದು, ತರುವುದು ಬದಲಾಗಲಿಲ್ಲ. ಹಾಗಾಗಿ ನಮ್ಮ ಮನೆಗಳ ಗೊಂಬೆಗಳು ಹಲವು ದಿಕ್ಕಿನಿಂದ ಬಂದವು.

ಮೈಸೂರು ಕಡೆಯ ಸಂಬಂಧವಿರುವ ಮನೆಗಳಲ್ಲಿ ಪಟ್ಟದ ಗೊಂಬೆಗಳಿವೆ. ರಾಜ, ರಾಣಿಯ ಈ ಜೋಡಿಯನ್ನು ಮದುವೆಯಲ್ಲಿ ತವರಿನವರು ಮಗಳಿಗೆ ಕೊಡುತ್ತಾರೆ. ತೆಲುಗು ನೆರೆಯವರ ಬೊಮ್ಮಲ ಕೊಲುವಿನ ಜೊತೆ ಬೆರೆತ ಮನೆಗಳಲ್ಲಿ ನಿರ್ಮಲ್ ಮತ್ತು ಕೊಂಡಪಲ್ಲಿಯ ಬಣ್ಣದ ಮರದ ಗೊಂಬೆಗಳಿವೆ. ಬೀದರ, ಕಲಬುರಗಿ ಕಡೆಯ ಮನೆಗಳಲ್ಲಿ ಭಾದ್ರಪದದಲ್ಲಿ ಕೂರಿಸುವ ಮಹಾಲಕ್ಷ್ಮಿಯರ ಮುಖಗಳು, ಸೀರೆ ಉಡಿಸುವ ಸ್ಟ್ಯಾಂಡುಗಳು ಇರುತ್ತವೆ. ಇವುಗಳ ನಡುವೆ ಚನ್ನಪಟ್ಟಣದ ಗೊಂಬೆ, ಕಿನ್ನಾಳದ ಗೊಂಬೆ, ಮಣ್ಣಿನ ಗೊಂಬೆ, ಕಣ್ಣು ಮುಚ್ಚಿ ತೆರೆಯುವ ಎರಡಡಿ ಎತ್ತರದ ಪ್ಲಾಸ್ಟಿಕ್ ಗೊಂಬೆ, ಎಲ್ಲವೂ ಒಂದೇ ಮೆಟ್ಟಿಲ ಮೇಲೆ ಕೂತಿರುತ್ತವೆ.

ನೋಡುವವರಿಗೆ ಎಲ್ಲವೂ ಗೊಂಬೆಯೇ. ಒರೆಸುವವರಿಗೆ ಹಾಗಲ್ಲ, ಒಂದಕ್ಕೆ ಹಿತವಾದದ್ದು ಇನ್ನೊಂದಕ್ಕೆ ವಿಷ. ಅಲ್ಲದೆ ಇವುಗಳಲ್ಲಿ ಕೆಲವು ಹೋದರೆ ಮತ್ತೆ ಸಿಗುವುದು ಕಷ್ಟ. ಹಳೆಯ ಪಟ್ಟದ ಗೊಂಬೆಗಳು ರಕ್ತಚಂದನದವು. ಆ ಮರ ಆಂಧ್ರದ ಶೇಷಾಚಲ ಬೆಟ್ಟಗಳ ಸುತ್ತ ಬೆಳೆಯುತ್ತದೆ. ಅದರ ಕಡಿತಕ್ಕೂ ಮಾರಾಟಕ್ಕೂ ಈಗ ಬಿಗಿಯಾದ ಕಾನೂನಿದೆ. ಪೇಟೆಯಲ್ಲಿ ಇಂದು ಸಿಗುವ ಎಷ್ಟೋ ಪಟ್ಟದ ಗೊಂಬೆಗಳು ಕೆಂಪು ಬಣ್ಣ ಹಚ್ಚಿದ ಬೇರೆ ಮರದವು. ಅಜ್ಜಿಯ ಮದುವೆಯ ಜೋಡಿ ಹಾಳಾದರೆ ಅಂಥದ್ದೇ ಇನ್ನೊಂದು ಜೋಡಿ ತರುತ್ತೇವೆ ಎನ್ನುವಂತಿಲ್ಲ.

ಫೋಟೋ ತೆಗೆಯುವಾಗಲೇ ಅರ್ಧ ಕೆಲಸ

ಮೊಬೈಲಿನ ಫ್ಲ್ಯಾಷ್ ಹಾಕಿ ಹತ್ತಾರು ಫೋಟೋ ತೆಗೆದರೆ ಗೊಂಬೆಯ ಬಣ್ಣ ಮಾಸುವುದಿಲ್ಲ. ತೊಂದರೆ ಕೊಡುವುದು ಬಿಸಿ ಮತ್ತು ಬಿಸಿಲು. ಹಳೆಯ ಹ್ಯಾಲೊಜನ್ ದೀಪವನ್ನು ಹತ್ತಿರವಿಟ್ಟು ಗಂಟೆಗಟ್ಟಲೆ ಉರಿಸಿದರೆ ಅರಗು ಮೆತ್ತಗಾಗುತ್ತದೆ, ಬಣ್ಣದ ಪದರ ಬಿರಿಯುತ್ತದೆ. ಎಲ್‌ಇಡಿ ದೀಪವಾದರೆ ಆ ಭಯ ಕಡಿಮೆ. ಅಂಗಳದಲ್ಲಿ ಫೋಟೋ ತೆಗೆಯುವುದಾದರೆ ನೆರಳು ಹುಡುಕಿ. ನೆರಳಿನಲ್ಲಿ ಗೊಂಬೆಯ ಮುಖ ಫೋಟೋದಲ್ಲೂ ಚೆನ್ನಾಗಿ ಬರುತ್ತದೆ.

ಹಸಿ ಹೂವಿನ ಹಾರವನ್ನು ನೇರವಾಗಿ ಬಣ್ಣದ ಮೇಲೆ ಹಾಕಬೇಡಿ. ಮಲ್ಲಿಗೆ, ಸೇವಂತಿಗೆ, ತಂಗಡಿ ಹೂ ಎಲ್ಲದರಲ್ಲೂ ನೀರಿರುತ್ತದೆ. ಚೆಂಡುಹೂವಿನ ಹಳದಿ ಬಟ್ಟೆಗೆ ಹತ್ತಿದರೆ ಸುಲಭಕ್ಕೆ ಹೋಗದು. ಹಾರ ಬೇಕೇ ಬೇಕೆಂದರೆ ಕೊರಳಿಗೆ ಮೊದಲು ಒಂದು ತುಂಡು ಹತ್ತಿ ಬಟ್ಟೆ ಸುತ್ತಿ, ಫೋಟೋ ಆದ ಕೂಡಲೇ ಹಾರ ತೆಗೆಯಿರಿ. ಕುಂಕುಮವನ್ನು ಹಣೆಗೆ ಇಡುವ ಬದಲು ಪಾದದ ಬಳಿ ಬಟ್ಟಲಲ್ಲಿ ಇಡಬಹುದು. ಆಭರಣ ನಿಲ್ಲಲು ಅಂಟು ಟೇಪು ಹಚ್ಚುವ ಅಭ್ಯಾಸ ಇತ್ತೀಚೆಗೆ ಬಂದಿದೆ. ಟೇಪು ಕೀಳುವಾಗ ಬಣ್ಣವೂ ಅದರ ಜೊತೆ ಬರುತ್ತದೆ. ದಾರದಿಂದ ಸಡಿಲವಾಗಿ ಕಟ್ಟಿದರೆ ಸಾಕು.

ಎತ್ತುವ ಮುನ್ನ

ಮೊದಲು ದೀಪ, ಊದುಬತ್ತಿ ಆರಿಸಿ. ಅಮೇಲೆ ಗೊಂಬೆ ಹೋಗಿ ಸೇರಬೇಕಾದ ಜಾಗ ಸಿದ್ಧ ಮಾಡಿ. ಮೇಜು ಅಥವಾ ಮಂಚದ ಮೇಲೆ ದಪ್ಪ ಹಚ್ಚಡ ಹಾಸಿ, ಅದರ ಮೇಲೆ ಒಗೆದ ಬಿಳಿ ಪಂಚೆ ಹಾಸಿ. ಗೊಂಬೆಯನ್ನು ಕೈಯಲ್ಲಿ ಹಿಡಿದು ನಿಂತು, ಇದನ್ನೆಲ್ಲಿಡಲಿ ಎಂದು ಸುತ್ತ ನೋಡುವ ಹಾಗೆ ಆಗಬಾರದು. ದಾರಿಯಲ್ಲಿರುವ ವಯರು, ಚಾಪೆ, ಮಕ್ಕಳ ಆಟಿಕೆ ಸರಿಸಿ.

ಕೈ ತೊಳೆದು ಪೂರ್ತಿ ಒಣಗಿಸಿಕೊಳ್ಳಿ. ಕೊಬ್ಬರಿ ಎಣ್ಣೆ, ಕ್ರೀಮು ಕೈಯಲ್ಲಿ ಇರಬಾರದು. ಸ್ಯಾನಿಟೈಜರ್ ಹಚ್ಚಿದ ಕೈಯಿಂದಂತೂ ಅರಗಿನ ಗೊಂಬೆ ಮುಟ್ಟಲೇಬೇಡಿ. ಉಂಗುರ, ಬಳೆ, ಕೈಗಡಿಯಾರ ತೆಗೆದಿಡಿ. ಸೆರಗು ಅಥವಾ ದುಪಟ್ಟಾ ಸೊಂಟಕ್ಕೆ ಸಿಕ್ಕಿಸಿಕೊಳ್ಳಿ, ಕೆಳಗಿನ ಮೆಟ್ಟಿಲ ಗೊಂಬೆ ಬೀಳುವುದು ಅದರಿಂದಲೇ. ಬಿಳಿ ಹತ್ತಿಯ ಕೈಚೀಲ ಹಾಕಿದರೆ ಚೆನ್ನ ಎಂದು ಕೆಲವರು ತಿಳಿದಿದ್ದಾರೆ. ಬಣ್ಣದ ಮರದ ಗೊಂಬೆಗೆ ಅದು ಒಳ್ಳೆಯದಲ್ಲ. ಅದು ಜಾರುತ್ತದೆ, ಎದ್ದ ಬಣ್ಣದ ಚಕ್ಕೆಗೆ ಅದರ ನೂಲು ಸಿಕ್ಕಿಕೊಳ್ಳುತ್ತದೆ. ಶುದ್ಧವಾದ ಒಣ ಕೈಯೇ ಮೇಲು.

ಎತ್ತುವ ಕ್ರಮ

ಕಿರೀಟ, ಸರ, ಕೈಯಲ್ಲಿರುವ ಬಿಲ್ಲು, ವೀಣೆ, ಕಮಲ, ಹೀಗೆ ಬಿಡಿಯಾಗಿ ಬರುವುದನ್ನೆಲ್ಲ ಮೊದಲು ತೆಗೆದು ತಟ್ಟೆಯಲ್ಲಿಡಿ. ಎಂಥ ಗೊಂಬೆಯನ್ನೂ ಕೈ, ಕೊರಳು, ಕಿರೀಟ, ಕೂದಲು ಹಿಡಿದು ಎತ್ತಬಾರದು. ಅವೆಲ್ಲ ಬೇರೆಯಾಗಿ ಮಾಡಿ ಅಂಟಿಸಿದ ಭಾಗಗಳು. ಹಳೆಯ ಅಂಟು ಯಾವಾಗ ಬಿಟ್ಟೀತು ಎಂದು ಹೇಳಲಾಗದು. ಒಂದು ಕೈ ಪೀಠದ ಕೆಳಗೆ, ಇನ್ನೊಂದು ಕೈ ಬೆನ್ನಿಗೆ, ಎಳೆಮಗುವನ್ನು ಎತ್ತಿದ ಹಾಗೆ. ರಕ್ತಚಂದನ ಭಾರದ ಮರ, ನೀರಿನಲ್ಲಿ ಮುಳುಗುವಷ್ಟು ಭಾರ. ಕಂಡದ್ದಕ್ಕಿಂತ ಹೆಚ್ಚು ತೂಗುತ್ತದೆ ಎಂದು ಮೊದಲೇ ಮನಸ್ಸಿನಲ್ಲಿಟ್ಟುಕೊಂಡು ಎತ್ತಿ.

ಎರಡಡಿಗಿಂತ ಎತ್ತರದ ಗೊಂಬೆಗೆ ಇಬ್ಬರು ಬೇಕು. ಒಬ್ಬರು ಎತ್ತಬೇಕು, ಇನ್ನೊಬ್ಬರು ದಾರಿ ನೋಡಿ ಹೇಳಬೇಕು. ಮಹಾಲಕ್ಷ್ಮಿಯರ ವಿಷಯದಲ್ಲಿ ಮನೆಯ ಪದ್ಧತಿಯಂತೆ ಬೀಳ್ಕೊಟ್ಟ ಮೇಲೆ ಮೊದಲು ಮುಖ ಇಳಿಸಿ, ಆಮೇಲೆ ಆಭರಣ, ಆಮೇಲೆ ಸೀರೆ, ಕೊನೆಗೆ ಸ್ಟ್ಯಾಂಡು. ಮುಖವನ್ನು ಹಾಗೇ ಬಿಟ್ಟು ಸೀರೆ ಎಳೆದರೆ ಭಾರವೆಲ್ಲ ಮೇಲಿರುವ ಕಾರಣ ಅದು ಮುಗ್ಗರಿಸುತ್ತದೆ.

ಮೇಲಿನ ಮೆಟ್ಟಿಲಿನ ಗೊಂಬೆಗೆ ಕೈ ಚಾಚುವಾಗ ಕೆಳಗಿನ ಸಾಲಿನ ಮೇಲೆ ಬಾಗಬೇಕಾಗುತ್ತದೆ. ಆದ್ದರಿಂದ ಕೆಳಗಿನ ಮೆಟ್ಟಿಲು ಮೊದಲು ಖಾಲಿ ಮಾಡಿ, ಮೇಲಿನದು ಆಮೇಲೆ. ಒಂದು ಸಲಕ್ಕೆ ಒಂದೇ ಗೊಂಬೆ. ಎರಡು ಕೈಗೆ ಎರಡು ಗೊಂಬೆ ಎಂದರೆ ಬಾಗಿಲು ತೆರೆಯಲು ಕೈ ಇರುವುದಿಲ್ಲ.

ಬಟ್ಟೆ, ಆಭರಣ

ಉಡಿಸಿದ ಸೀರೆ, ಪಂಚೆಗಳಲ್ಲಿ ಚುಚ್ಚಿದ ಪಿನ್ನುಗಳನ್ನು ಎಣಿಸಿ ತೆಗೆಯಿರಿ. ಒಳಗೆ ಉಳಿದ ಒಂದು ಕಬ್ಬಿಣದ ಪಿನ್ನು ಮುಂದಿನ ಮಳೆಗಾಲಕ್ಕೆ ತುಕ್ಕು ಹಿಡಿದು ರೇಷ್ಮೆಗೆ ಕಂದು ಚುಕ್ಕೆ ಹಾಕುತ್ತದೆ. ಆ ಕಲೆ ಹೋಗುವುದಿಲ್ಲ. ಜರಿಯ ಅಂಚು ಮುಖಕ್ಕೆ ಉಜ್ಜದಂತೆ ಸೀರೆಯನ್ನು ಕೆಳಗಿನಿಂದ ಬಿಚ್ಚಿ. ಬಿಚ್ಚಿದ ಬಟ್ಟೆಯನ್ನು ನೆರಳಲ್ಲಿ ಒಂದೆರಡು ಗಂಟೆ ಗಾಳಿಗೆ ಹರಡಿ, ಆಮೇಲೆ ಮಡಚಿ. ಪ್ರತಿ ವರ್ಷ ಒಂದೇ ಮಡಿಕೆಗೆ ಮಡಚಬೇಡಿ, ಮಡಿಕೆ ಬಿದ್ದಲ್ಲೇ ಜರಿ ಹರಿಯುತ್ತದೆ.

ಅಂಟಿಸಿದ ಬಟ್ಟೆ, ಹೊಲಿದ ಹಳೆಯ ಬಟ್ಟೆ ಇದ್ದರೆ ಬಿಚ್ಚಬೇಡಿ. ಆ ಬಟ್ಟೆಯೂ ಗೊಂಬೆಯ ಭಾಗವೇ.

ಮೊದಲು ಧೂಳು, ಅದೂ ಒಣಗಿದ್ದಾಗಲೇ

ನಮ್ಮ ಊರುಗಳ ಧೂಳು ಒಂದೇ ಬಗೆಯದಲ್ಲ. ತಾಂಡೂರಿನಲ್ಲಿ ಕಲ್ಲಿನ ಪಾಲಿಷ್ ಧೂಳು. ಅದು ಮರಳುಕಾಗದದಂತೆ, ಬಟ್ಟೆಯಿಂದ ಒತ್ತಿ ಒರೆಸಿದರೆ ಸಣ್ಣ ಗೀರು ಬೀಳುತ್ತದೆ. ಜಹೀರಾಬಾದಿನ ಸುತ್ತ ಕೆಂಪು ಮಣ್ಣು. ಒದ್ದೆ ತಾಗಿದರೆ ಅದು ಕೆಸರಾಗಿ ಮರದ ಗೀರುಗಳಲ್ಲಿ ಕೂತುಬಿಡುತ್ತದೆ. ಎರಡಕ್ಕೂ ಮದ್ದು ಒಂದೇ: ಒರೆಸಬೇಡಿ, ಗುಡಿಸಿ.

ಚಿತ್ರ ಬರೆಯುವ ಮೆತ್ತನೆಯ ಅಗಲ ಬ್ರಷ್ಷು ಸ್ಟೇಷನರಿ ಅಂಗಡಿಯಲ್ಲಿ ಸಿಗುತ್ತದೆ. ಎರಡು ಕೊಳ್ಳಿ. ಒಂದು ಮುಖಕ್ಕೆ, ಒಂದು ಉಳಿದ ಮೈಗೆ. ಬ್ರಷ್ಷಿನ ತಗಡಿನ ಪಟ್ಟಿಗೆ ಬಟ್ಟೆ ಸುತ್ತಿ, ಇಲ್ಲದಿದ್ದರೆ ಅದೇ ಗೀಚುತ್ತದೆ. ಮೇಲಿನಿಂದ ಕೆಳಗೆ, ತಲೆಯಿಂದ ಪೀಠಕ್ಕೆ, ಒಂದೇ ದಿಕ್ಕಿನಲ್ಲಿ ಹಗುರವಾಗಿ ಗುಡಿಸಿ. ಬಾಯಿಂದ ಊದಬೇಡಿ, ಉಗುಳು ಹಾರುತ್ತದೆ. ವ್ಯಾಕ್ಯೂಮ್ ಕ್ಲೀನರ್ ಇದ್ದರೆ ಅದರ ಬಾಯಿಗೆ ತೆಳು ಬಟ್ಟೆ ಕಟ್ಟಿ, ನಾಲ್ಕು ಬೆರಳು ದೂರ ಹಿಡಿದು, ಬ್ರಷ್ಷು ಎಬ್ಬಿಸಿದ ಧೂಳನ್ನು ಮಾತ್ರ ಎಳೆದುಕೊಳ್ಳಲು ಬಿಡಿ.

ಗುಡಿಸುವಾಗ ಪಂಚೆಯ ಮೇಲೆ ಏನು ಬೀಳುತ್ತದೆ ಎಂದು ನೋಡುತ್ತಿರಿ. ಬಿಳಿ ಪಂಚೆ ಹಾಸುವುದು ಅದಕ್ಕಾಗಿಯೇ. ಬಣ್ಣದ ಚಕ್ಕೆ ಬಿದ್ದರೆ ಆ ಜಾಗದಲ್ಲಿ ಕೆಲಸ ನಿಲ್ಲಿಸಿ. ಹಿಟ್ಟಿನಂತಹ ಸಣ್ಣ ಪುಡಿ ಬಿದ್ದು, ಮೈಮೇಲೆ ಸೂಜಿಮೊನೆಯಷ್ಟು ತೂತು ಕಂಡರೆ ಒಳಗೆ ಮರ ಕೊರೆಯುವ ಹುಳು ಇರಬಹುದು. ಆ ಗೊಂಬೆಯನ್ನು ಉಳಿದವುಗಳಿಂದ ದೂರ ಇಡಿ.

ಹತ್ತರಲ್ಲಿ ಎಂಟು ಗೊಂಬೆಗೆ ಇಷ್ಟೇ ಸಾಕು. ಮುಂದಿನದು ಉಳಿದ ಎರಡಕ್ಕೆ.

ಯಾವ ಗೊಂಬೆಗೆ ಏನು

*ಪಟ್ಟದ ಗೊಂಬೆ, ರಕ್ತಚಂದನ.* ಬಟ್ಟೆ ಬಿಚ್ಚಿ, ಬ್ರಷ್ಷಿನಿಂದ ಗುಡಿಸಿ, ಒಣ ಹತ್ತಿ ಬಟ್ಟೆಯಿಂದ ಮೃದುವಾಗಿ ತೀಡಿ. ಈ ಮರದ ಕೆಂಪು ಮರದೊಳಗಿನದೇ. ಸ್ಪಿರಿಟ್, ಸೆಂಟು, ಸ್ಯಾನಿಟೈಜರ್ ತಾಗಿದರೆ ಆ ಕೆಂಪು ಕರಗಿ ಬರುತ್ತದೆ. ಒದ್ದೆ ಬಟ್ಟೆಯಿಂದ ಉಜ್ಜಬೇಡಿ. ಎಣ್ಣೆ ಹಚ್ಚಿ ಹೊಳಪು ತರುವ ಅಭ್ಯಾಸವೂ ಬೇಡ. ಅಡುಗೆ ಎಣ್ಣೆ ಕಾಲಕ್ರಮದಲ್ಲಿ ಅಂಟಾಗಿ ಕಪ್ಪಾಗುತ್ತದೆ, ಧೂಳು ಹಿಡಿಯುತ್ತದೆ. ಹಳೆಯ ಗೊಂಬೆಗಳ ಮೈಮೇಲಿನ ಕಪ್ಪು ಪದರ ಎಷ್ಟೋ ಸಲ ಇಂಥ ಎಣ್ಣೆಯದೇ.

*ಚನ್ನಪಟ್ಟಣದ ಗೊಂಬೆ.* ಆಲೆಮರವನ್ನು ಲೇತ್ ಯಂತ್ರದಲ್ಲಿ ತಿರುಗಿಸುತ್ತ, ಬಣ್ಣದ ಅರಗಿನ ಕಡ್ಡಿ ಒತ್ತಿದಾಗ ಉಜ್ಜಾಟದ ಬಿಸಿಗೆ ಅರಗು ಕರಗಿ ಮರಕ್ಕೆ ಹತ್ತುತ್ತದೆ. ಬಿಸಿಯಿಂದ ಹತ್ತಿದ ಅರಗಿಗೆ ಬಿಸಿಯೇ ವೈರಿ. ಸ್ಪಿರಿಟ್ ಎರಡನೇ ವೈರಿ. ಒಣ ಮೆತ್ತನೆ ಬಟ್ಟೆಯಿಂದ ಉಜ್ಜಿದರೆ ಹೊಳಪು ತಾನಾಗಿ ಬರುತ್ತದೆ. ಜಿಡ್ಡಿದ್ದರೆ ಚೆನ್ನಾಗಿ ಹಿಂಡಿದ ಬಟ್ಟೆಯಿಂದ ಒಮ್ಮೆ ಒರೆಸಿ, ಕೂಡಲೇ ಒಣ ಬಟ್ಟೆಯಿಂದ ಒರೆಸಿ.

*ಕಿನ್ನಾಳ, ಕೊಂಡಪಲ್ಲಿ, ನಿರ್ಮಲ್.* ಕೊಪ್ಪಳ ಜಿಲ್ಲೆಯ ಕಿನ್ನಾಳದ ಚಿತ್ರಗಾರರೂ ವಿಜಯವಾಡದ ಹತ್ತಿರದ ಕೊಂಡಪಲ್ಲಿಯವರೂ ಹಗುರ ಮರದ ತುಂಡುಗಳನ್ನು ಜೋಡಿಸುತ್ತಾರೆ. ಸಂದುಗಳನ್ನು ಹುಣಸೆಬೀಜದ ಸರಿ ಮತ್ತು ಮರದ ಪುಡಿ ಕಲಸಿದ ಕಣಕದಿಂದ ತುಂಬುತ್ತಾರೆ. ಅದರ ಮೇಲೆ ಬಿಳಿ ಪದರ, ಅದರ ಮೇಲೆ ಬಣ್ಣ. ಹುಣಸೆಬೀಜದ ಸರಿ ನೀರಿನಲ್ಲಿ ಕಲಸಿದ್ದು, ನೀರು ಕಂಡರೆ ಮತ್ತೆ ಉಬ್ಬುತ್ತದೆ. ಮೇಲೆ ಬಣ್ಣ ಗಟ್ಟಿಯಾಗಿ ಕಂಡರೂ ಒಂದು ಬಿರುಕಿನಿಂದ ತೇವ ಒಳಗೆ ಹೋದರೆ ಸಾಕು, ಬಣ್ಣ ಹಪ್ಪಳದಂತೆ ಏಳುತ್ತದೆ. ಆದ್ದರಿಂದ ಇವುಗಳಿಗೆ ಬ್ರಷ್ಷು ಬಿಟ್ಟು ಬೇರೇನೂ ಬೇಡ. ಈ ಸರಿ ಹುಳುಗಳಿಗೂ ಇಷ್ಟ, ಪೆಟ್ಟಿಗೆಯನ್ನು ನಡುನಡುವೆ ನೋಡುತ್ತಿರಬೇಕು. ನಿರ್ಮಲ್ಲಿನ ಗೊಂಬೆಗಳ ಮರವೂ ಪೊಣಿಕಿ ಎಂಬ ಹಗುರ ಮರವೇ. ಹೊಸ ಗೊಂಬೆಗಳ ಬಣ್ಣ ಹೊಳಪಿನದಾಗಿದ್ದರೂ ಒಳಗಿನ ಕಥೆ ಅದೇ.

*ಮಣ್ಣು, ಪ್ಲಾಸ್ಟರ್, ಕಾಗದದ ಗೊಂಬೆ.* ನೀರು ಖಂಡಿತ ಬೇಡ. ಸುಟ್ಟ ಮಣ್ಣಾದರೂ ಮೇಲಿನ ಬಣ್ಣ ಸುಟ್ಟದ್ದಲ್ಲ. ಪ್ಲಾಸ್ಟರ್ ಮುಖದ ಹುಬ್ಬು, ಕಣ್ಣಿನ ಗೆರೆಗಳನ್ನು ಬ್ರಷ್ಷಿನಿಂದಲೂ ಎರಡು ಸಲಕ್ಕಿಂತ ಹೆಚ್ಚು ತೀಡಬೇಡಿ.

*ಹಿತ್ತಾಳೆ ಮುಖ.* ಬಣ್ಣವಿಲ್ಲದ ಬರಿ ಹಿತ್ತಾಳೆಯಾದರೆ ಹುಣಸೆಹಣ್ಣಿನಿಂದ ತೊಳೆಯಬಹುದು. ಆದರೆ ಹುಳಿ ಒಂದು ಚೂರೂ ಉಳಿಯದಂತೆ ತೊಳೆದು, ಮೂಗು ಕಿವಿಯ ಸಂದುಗಳನ್ನೂ ಒಣಗಿಸಬೇಕು. ಹುಳಿ ಉಳಿದಲ್ಲಿ ಹಸಿರು ಕಿಲುಬು ಹಿಡಿಯುತ್ತದೆ. ಕಣ್ಣು ಬರೆದಿದ್ದರೆ, ಚಿನ್ನದ ನೀರು ಹಾಕಿಸಿದ್ದರೆ ಹುಣಸೆಹಣ್ಣು ಬೇಡ, ಒಣ ಬಟ್ಟೆ ಸಾಕು.

*ದೊಡ್ಡ ಪ್ಲಾಸ್ಟಿಕ್, ರಬ್ಬರ್ ಗೊಂಬೆ.* ಇದೊಂದಕ್ಕೆ ನೀರು ಹಿಡಿಸುತ್ತದೆ. ಉಗುರುಬೆಚ್ಚಗಿನ ನೀರಿಗೆ ಎರಡು ಹನಿ ಪಾತ್ರೆ ತೊಳೆಯುವ ದ್ರವ ಹಾಕಿ, ಬಟ್ಟೆ ಅದ್ದಿ ಹಿಂಡಿ ಒರೆಸಿ. ಮತ್ತೆ ಬರಿ ನೀರಿನ ಬಟ್ಟೆ, ಮತ್ತೆ ಒಣ ಬಟ್ಟೆ. ಗೊಂಬೆಯನ್ನೇ ನೀರಲ್ಲಿ ಮುಳುಗಿಸಬೇಡಿ. ಕೀಲುಗಳಿಂದ ಒಳಗೆ ಹೋದ ನೀರು ಹೊರಗೆ ಬರುವುದಿಲ್ಲ, ಮುಚ್ಚಿ ತೆರೆಯುವ ಕಣ್ಣಿನ ಹಿಂದಿನ ತಂತಿ ತುಕ್ಕು ಹಿಡಿಯುತ್ತದೆ. ಕೆನ್ನೆ, ತುಟಿಯ ಬಣ್ಣ ಮೇಲೆ ಹಚ್ಚಿದ್ದಾಗಿರುತ್ತದೆ, ಅಲ್ಲಿ ಉಜ್ಜಬೇಡಿ. ಉಗುರುಬಣ್ಣ ತೆಗೆಯುವ ದ್ರವ, ಪೆಟ್ರೋಲು, ಥಿನ್ನರ್ ಪ್ಲಾಸ್ಟಿಕ್ಕನ್ನೇ ಕರಗಿಸುತ್ತವೆ. ಮಾತಾಡುವ, ಹಾಡುವ ಗೊಂಬೆಯಾದರೆ ಸೆಲ್ಲು ತೆಗೆದಿಡಿ. ಒಳಗೇ ಬಿಟ್ಟ ಸೆಲ್ಲು ಸೋರಿ ಎಲ್ಲವನ್ನೂ ತಿನ್ನುತ್ತದೆ. ಹಳೆಯ ಪ್ಲಾಸ್ಟಿಕ್ ಗೊಂಬೆ ಅಂಟಂಟಾಗಿದ್ದರೆ ಅದು ಕೊಳೆ ಆಗಿರಲೇಬೇಕಿಲ್ಲ, ಮೆತ್ತಗಾಗಲು ಬೆರೆಸಿದ ಎಣ್ಣೆಯಂಥ ವಸ್ತು ಬಿಸಿಗೆ ಮೇಲೆ ಬಂದದ್ದೂ ಇರಬಹುದು.

ಯಾವ ಗೊಂಬೆ ಎಂದು ಗೊತ್ತಾಗದಿದ್ದರೆ ಒಂದು ಪರೀಕ್ಷೆ: ಇಯರ್ ಬಡ್ಡಿನ ಹತ್ತಿಯನ್ನು ಅದ್ದಿ, ಹಿಂಡಿ, ಪೀಠದ ಅಡಿಯಲ್ಲಿ ಕಾಣದ ಜಾಗದಲ್ಲಿ ಹಗುರವಾಗಿ ಉರುಳಿಸಿ. ಹತ್ತಿಗೆ ಬಣ್ಣ ಬಂದರೆ ನೀರಿನ ಮಾತು ಅಲ್ಲಿಗೆ ಮುಗಿಯಿತು. ನೀರು ಬಳಸುವುದಿದ್ದರೆ ಬೋರ್‌ವೆಲ್ ನೀರು ಬೇಡ. ಸುಣ್ಣಗಲ್ಲಿನ ನೆಲದ ಗಡಸು ನೀರು ಒಣಗಿದ ಮೇಲೆ ಬಿಳಿ ಕಲೆ ಬಿಡುತ್ತದೆ. ಬ್ಯಾಟರಿ ಅಂಗಡಿಯ ಡಿಸ್ಟಿಲ್ಡ್ ವಾಟರ್ ಒಂದು ಬಾಟಲಿ ತಂದರೆ ವರ್ಷಗಟ್ಟಲೆ ಬರುತ್ತದೆ.

ಹಬ್ಬದ ಕಲೆಗಳು

ಕುಂಕುಮ, ಅರಿಶಿನ ಬಿದ್ದರೆ ಒದ್ದೆ ಮಾಡದೆ ಬ್ರಷ್ಷಿನಿಂದ ಗುಡಿಸಿ. ನೀರು ತಾಗಿದ ಮರುಕ್ಷಣ ಬಣ್ಣ ಒಳಗಿಳಿಯುತ್ತದೆ. ಬಿಳಿ ಹತ್ತಿ ಬಟ್ಟೆಗೆ ಅರಿಶಿನ ಹತ್ತಿದ್ದರೆ ಸೋಪು ಹಚ್ಚಿದಾಗ ಅದು ಕೆಂಪಾಗುತ್ತದೆ, ಗಾಬರಿಯಾಗಬೇಡಿ. ಒಗೆದು ಬಿಸಿಲಿಗೆ ಹಾಕಿದರೆ ಹಳದಿ ಮಾಸುತ್ತದೆ. ಇದು ಒಗೆಯಬಹುದಾದ ಬಿಡಿ ಬಟ್ಟೆಗೆ ಮಾತ್ರ, ಗೊಂಬೆಗಲ್ಲ.

ದೀಪದ ಎಣ್ಣೆ ಸಿಡಿದಿದ್ದರೆ ಟಿಶ್ಯೂ ಕಾಗದ ಒತ್ತಿ ಹೀರಿಸಿ, ಉಜ್ಜಬೇಡಿ. ಕರ್ಪೂರ, ಊದುಬತ್ತಿಯ ಮಸಿ ಜಿಡ್ಡಿನದು, ಬೆರಳಿಂದ ತೀಡಿದರೆ ಹರಡುತ್ತದೆ. ಬ್ರಷ್ಷಿಗೆ ಬಂದಷ್ಟು ಬರಲಿ, ಉಳಿದದ್ದು ಉಳಿಯಲಿ. ಸ್ವಲ್ಪ ಮಸಿ ಇರುವ ಮುಖ, ಕಣ್ಣಿಲ್ಲದ ಮುಖಕ್ಕಿಂತ ಮೇಲು. ಟೇಪಿನ ಅಂಟು ಪ್ಲಾಸ್ಟಿಕ್ಕಿನ ಮೇಲಿದ್ದರೆ ಒಂದು ಹನಿ ಕೊಬ್ಬರಿ ಎಣ್ಣೆ ಹಚ್ಚಿ, ಮೆತ್ತಗಾದ ಮೇಲೆ ಸೋಪಿನ ಬಟ್ಟೆಯಿಂದ ಒರೆಸಿ. ಬಣ್ಣದ ಮರದ ಮೇಲಿದ್ದರೆ ಮುಟ್ಟಬೇಡಿ.

ಮುರಿದರೆ

ಬೆರಳು ಮುರಿಯಿತು, ಬಣ್ಣದ ಚಕ್ಕೆ ಬಿತ್ತು ಎಂದುಕೊಳ್ಳಿ. ಬಿದ್ದದ್ದನ್ನೆಲ್ಲ ಹೆಕ್ಕಿ ಕಾಗದದ ಪೊಟ್ಟಣ ಕಟ್ಟಿ, ಯಾವ ಗೊಂಬೆಯ ಯಾವ ಭಾಗ ಎಂದು ಬರೆದು ಅದೇ ಗೊಂಬೆಯ ಜೊತೆ ಇಡಿ. ಕೂಡಲೇ ಹಿಡಿಯುವ ಅಂಟು ಹಾಕಬೇಡಿ. ಅದು ಸುತ್ತ ಬಿಳಿ ಪೊರೆ ಬಿಡುತ್ತದೆ, ಒಮ್ಮೆ ಸೊಟ್ಟ ಕೂತರೆ ಮತ್ತೆ ಬಿಚ್ಚಲು ಬಿಡುವುದಿಲ್ಲ. ಚೂರುಗಳಿದ್ದರೆ ಮುಂದೆ ಬಲ್ಲ ಕಸುಬುದಾರರ ಕೈಯಲ್ಲಿ ಸರಿಹೋದೀತು. ಮನೆಯ ಎನಾಮಲ್ ಬಣ್ಣದಿಂದ ಮುಖ ತಿದ್ದುವ ಕೆಲಸವೂ ಬೇಡ. ಕಲಾವಿದ ಸಣ್ಣ ಕುಂಚದಿಂದ ಎಳೆದ ಹುಬ್ಬಿನ ಗೆರೆ ಅದರಡಿ ಮುಚ್ಚಿಹೋಗುತ್ತದೆ.

ಒಳಗಿಡುವುದು

ನಮ್ಮಲ್ಲಿ ಏನಿದ್ದರೂ ಬಿಸಿಲಿಗೆ ಹಾಕಿ ಒಳಗಿಡುವ ರೂಢಿ. ಹಪ್ಪಳ, ಹಾಸಿಗೆಗೆ ಅದು ಸರಿ, ಗೊಂಬೆಗಲ್ಲ. ನೆರಳಲ್ಲಿ, ಗಾಳಿಯಾಡುವ ಕೋಣೆಯಲ್ಲಿ ಒಂದು ರಾತ್ರಿ ಬಿಟ್ಟರೆ ಸಾಕು. ದಸರೆಯ ಹೊತ್ತಿಗೆ ಮಳೆ ಹಿಂದೆ ಸರಿಯುತ್ತಿರುತ್ತದೆ. ಮೋಡ ಮುಸುಕಿದ ದಿನವಾದರೆ ಇನ್ನೊಂದು ದಿನ ಕಾಯಿರಿ. ಒಳಗೆ ಸಿಕ್ಕಿಬಿದ್ದ ತೇವವೇ ಬೂಷ್ಟು ಹಿಡಿಸುವುದು.

ಸುತ್ತಲು ಹಳೆಯ, ಹಲವು ಸಲ ಒಗೆದ, ಗಂಜಿ ಹಾಕದ ಹತ್ತಿ ಪಂಚೆಗಿಂತ ಒಳ್ಳೆಯದಿಲ್ಲ. ಗಂಜಿ ಹುಳುಗಳನ್ನು ಕರೆಯುತ್ತದೆ. ಪೇಪರಿನ ಶಾಯಿ ಪ್ಲಾಸ್ಟಿಕ್ ಗೊಂಬೆಯ ಕೆನ್ನೆಗೆ ಅಚ್ಚೊತ್ತುತ್ತದೆ, ಆದ್ದರಿಂದ ದಿನಪತ್ರಿಕೆ ನೇರವಾಗಿ ಬೇಡ. ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿದರೆ ಗಾಳಿಯಾಡುವುದಿಲ್ಲ. ಮುಖದ ಮೇಲೆ ಬಟ್ಟೆ ಬಿಗಿಯಾಗಿ ಬೀಳದಂತೆ ಮೂಗಿನ ಎರಡೂ ಬದಿ ಬಟ್ಟೆಯ ಸಣ್ಣ ಉಂಡೆಗಳನ್ನಿಡಿ. ಭಾರದ ಗೊಂಬೆ ಕೆಳಗೆ, ಹಗುರದ್ದು ಮೇಲೆ. ನಿಲ್ಲಲು ಮಾಡಿದ ಗೊಂಬೆಯನ್ನು ನಿಲ್ಲಿಸಿಯೇ ಇಟ್ಟರೆ ಚೆನ್ನ. ಮಲಗಿಸಬೇಕಾದರೆ ಬೆನ್ನಿನ ಮೇಲೆ ಮಲಗಿಸಿ.

ನುಸಿ ಗುಳಿಗೆ ಪ್ಲಾಸ್ಟಿಕ್ಕಿಗೆ ತಾಗಿದರೆ ಅದನ್ನು ಮೆತ್ತಗಾಗಿಸುತ್ತದೆ. ಮಕ್ಕಳು ಬಾಯಿಗೆ ಹಾಕಿಕೊಂಡರೆ ಅಪಾಯ. ಹಳೆಯ ಓಲೆಗರಿ ಕಟ್ಟುಗಳ ಜೊತೆ ಇಡುತ್ತಿದ್ದ ಬಜೆಯ ತುಂಡುಗಳು, ಒಣಗಿದ ಬೇವಿನ ಎಲೆ ಬಟ್ಟೆಯ ಗಂಟಿನಲ್ಲಿ ಕಟ್ಟಿಟ್ಟರೆ ಸಾಕು. ಆದರೆ ಅವೂ ಕಾವಲುಗಾರರಷ್ಟೇ, ಒಮ್ಮೆ ಹೊಕ್ಕ ಹುಳುವನ್ನು ಕೊಲ್ಲಲಾರವು. ಬರೀ ಬಟ್ಟೆಯ ಗೊಂಬೆಗೆ ನುಸಿ ಹತ್ತಿದ್ದರೆ ಚೀಲದಲ್ಲಿ ಬಿಗಿಯಾಗಿ ಕಟ್ಟಿ ಎರಡು ವಾರ ಫ್ರೀಜರಿನಲ್ಲಿಡಬಹುದು. ಹೊರತೆಗೆದ ಮೇಲೆ ಒಂದು ದಿನ ಚೀಲ ಬಿಚ್ಚಬೇಡಿ, ಇಲ್ಲದಿದ್ದರೆ ಬೆವರಿನಂತೆ ನೀರು ಕೂರುತ್ತದೆ. ಬಣ್ಣದ ಮರಕ್ಕೆ ಈ ಉಪಾಯ ಬೇಡ. ಸೀಮೆಎಣ್ಣೆಯನ್ನಂತೂ ಯಾವುದಕ್ಕೂ ಹಚ್ಚಬೇಡಿ. ಅದು ಬಣ್ಣ ತೆಗೆಯುತ್ತದೆ, ಮುಂದಿನ ವರ್ಷ ದೀಪದ ಪಕ್ಕ ಕೂರುವ ವಸ್ತು ಅದು ಎಂಬುದೂ ನೆನಪಿರಲಿ.

ಗೊಂಬೆ ಪೆಟ್ಟಿಗೆಗೆ ಅಟ್ಟವೇ ಜಾಗ ಎಂದು ಎಷ್ಟೋ ಮನೆಗಳಲ್ಲಿ ಇದೆ. ನಮ್ಮ ಕಡೆ ಬೇಸಿಗೆಯಲ್ಲಿ 40 ಡಿಗ್ರಿ ದಾಟುತ್ತದೆ, ಸ್ಲ್ಯಾಬಿನ ಕೆಳಗೆ ಇನ್ನೂ ಹೆಚ್ಚು. ಒಳಕೋಣೆಯ ಅಲಮಾರಿ ಅಥವಾ ಮರದ ಸಂದೂಕ, ನೆಲದಿಂದ ಒಂದು ಗೇಣು ಎತ್ತರದಲ್ಲಿ, ಹೊರಗೋಡೆಗೆ ತಾಗದಂತೆ ಇದ್ದರೆ ಉತ್ತಮ. ಸಂಕ್ರಾಂತಿಗೊಮ್ಮೆ, ಶ್ರಾವಣಕ್ಕೊಮ್ಮೆ ತೆರೆದು ನೋಡಿ.

ಅದೇ ಫೋಟೋಗಳು ದಾಖಲೆಯಾಗಲಿ

ದೆಹಲಿಯಲ್ಲಿ ವ್ಯಂಗ್ಯಚಿತ್ರಕಾರ ಶಂಕರ್ ಕಟ್ಟಿದ ಅಂತರರಾಷ್ಟ್ರೀಯ ಗೊಂಬೆ ಸಂಗ್ರಹಾಲಯ 1965ರಲ್ಲಿ ತೆರೆಯಿತು. ಅಲ್ಲಿ ಗೊಂಬೆಗಳು ಗಾಜಿನ ಹಿಂದೆ ಇವೆ. ನಮಗೆ ಹತ್ತಿರದ ಹೈದರಾಬಾದಿನ ಸಾಲಾರ್ ಜಂಗ್ ಮ್ಯೂಸಿಯಂನ ಮಕ್ಕಳ ವಿಭಾಗದಲ್ಲೂ ಆಟಿಕೆಗಳನ್ನು ನೋಡಬಹುದು. ಅಂಥ ಸಂಗ್ರಹಾಲಯಗಳಿಗೂ ನಮ್ಮ ಮನೆಗಳಿಗೂ ಇರುವ ದೊಡ್ಡ ವ್ಯತ್ಯಾಸ ಗಾಜಲ್ಲ, ಪುಸ್ತಕ. ಸಂಗ್ರಹಾಲಯದಲ್ಲಿ ಪ್ರತಿ ವಸ್ತುವಿಗೂ ಒಂದು ಸಂಖ್ಯೆ, ಒಂದು ಟಿಪ್ಪಣಿ ಇರುತ್ತದೆ.

ನೀವೂ ಫೋಟೋ ತೆಗೆಯುವ ದಿನ ಪ್ರತಿ ದೊಡ್ಡ ಗೊಂಬೆಯದು ಐದು ಫೋಟೋ ಹೆಚ್ಚಿಗೆ ತೆಗೆಯಿರಿ: ಎದುರು, ಹಿಂದೆ, ಎಡ, ಬಲ, ಪೀಠದ ಅಡಿ. ಬಿರುಕು, ಕಲೆ ಇದ್ದಲ್ಲಿ ಹತ್ತಿರದಿಂದ ಒಂದು. ಮುಂದಿನ ವರ್ಷ ಪೆಟ್ಟಿಗೆ ತೆರೆದಾಗ ಹೋಲಿಸಿ ನೋಡಿದರೆ ಬಿರುಕು ಬೆಳೆಯಿತೇ, ಬಣ್ಣ ಇಳಿಯಿತೇ ಎಂದು ತಿಳಿಯುತ್ತದೆ. ಒಂದು ನೋಟ್‌ಬುಕ್ಕಿನಲ್ಲಿ ಗೊಂಬೆಯ ಎತ್ತರ, ಯಾವ ಊರಿನ ಕೆಲಸ, ಯಾರ ಮದುವೆಯಲ್ಲಿ ಬಂದದ್ದು, ಯಾವ ಪೆಟ್ಟಿಗೆಯಲ್ಲಿದೆ ಎಂದು ಬರೆದಿಡಿ. ಇದನ್ನು ಬಲ್ಲ ಅಜ್ಜಿ, ಅತ್ತೆಯರು ನಮ್ಮ ಜೊತೆ ಇರುವಾಗಲೇ ಕೇಳಿ ಬರೆದುಕೊಳ್ಳಬೇಕು. ಗಡಿಯ ಈಚೆ ಹುಟ್ಟಿ ಬೆಳೆದ ಮಕ್ಕಳಿಗೆ, ಈ ಮರದ ರಾಣಿ ಯಾವ ತವರಿನಿಂದ ಯಾರ ಕೈಹಿಡಿದು ಬಂದಳು ಎಂದು ಹೇಳಲು ಆ ನಾಲ್ಕು ಸಾಲು ಬೇಕು.

ಗೋಡೆಗೆ ಅಂಟಿಸಿಕೊಳ್ಳಲು

1. ಜಾಗ ಸಿದ್ಧ ಮಾಡಿ, ಆಮೇಲೆ ಎತ್ತಿ.
2. ಶುದ್ಧ ಒಣ ಕೈ. ಪೀಠಕ್ಕೊಂದು ಕೈ, ಬೆನ್ನಿಗೊಂದು ಕೈ.
3. ಹೂ, ಪಿನ್ನು, ಟೇಪು, ಸೆಲ್ಲು ಒಳಗೆ ಉಳಿಯಬಾರದು.
4. ಗುಡಿಸಿ, ಒರೆಸಬೇಡಿ. ನೀರು ಪ್ಲಾಸ್ಟಿಕ್ ಗೊಂಬೆಗೆ, ಬರಿ ಹಿತ್ತಾಳೆಗೆ. ಅರಗಿನದಕ್ಕೆ ಹಿಂಡಿದ ಬಟ್ಟೆ, ಅದೂ ಜಿಡ್ಡಿದ್ದರೆ.
5. ಸ್ಪಿರಿಟ್, ಸ್ಯಾನಿಟೈಜರ್, ಥಿನ್ನರ್, ಸೀಮೆಎಣ್ಣೆ ಯಾವುದಕ್ಕೂ ಬೇಡ.
6. ನೆರಳಲ್ಲಿ ಒಂದು ರಾತ್ರಿ, ಆಮೇಲೆ ಹತ್ತಿ ಬಟ್ಟೆ, ಆಮೇಲೆ ಪೆಟ್ಟಿಗೆ.
7. ಚೂರುಗಳನ್ನು ಬಿಸಾಡಬೇಡಿ, ಅಂಟಿಸಬೇಡಿ. ಪೊಟ್ಟಣ ಕಟ್ಟಿಡಿ.

ಈ ಸಲ ಗೊಂಬೆಗಳ ಫೋಟೋ ಕಳಿಸುವಾಗ ಗೊಂಬೆಯ ಜೊತೆಗೆ ಅದರ ಊರು ಮತ್ತು ಅದು ಮನೆಗೆ ಬಂದ ದಾರಿಯನ್ನೂ ಎರಡು ಸಾಲಿನಲ್ಲಿ ಬರೆದು ಕಳಿಸಿ. ನಿಮ್ಮ ಮನೆಯಲ್ಲಿ ಹಿರಿಯರು ಗೊಂಬೆ ಕಾಪಾಡುತ್ತಿದ್ದ ಬೇರೆ ಉಪಾಯಗಳಿದ್ದರೆ ಅವನ್ನೂ ತಿಳಿಸಿ, ಎಲ್ಲರಿಗೂ ಉಪಯೋಗವಾಗುತ್ತದೆ.